ಬಲದಂಡೆಯ ಹತ್ತಿ ಚಪ್ಪರ

ನೀರಾವರಿ ಕಾಲುವೆಯ ದಂಡೆಯನ್ನು ಒತ್ತುವರಿ ಮಾಡಲು ಜನರಿಗೆ ನಾನಾ ಕಾರಣಗಳಿರುತ್ತವೆ. ಒಬ್ಬನಿಗೆ ಬಚ್ಚಲಿಗೆ ಜಾಗ ಸಾಲದು, ಇನ್ನೊಬ್ಬನಿಗೆ ಸೌದೆ ಒಟ್ಟಲು ಬೇಕು, ಮತ್ತೊಬ್ಬನಿಗೆ ಪಕ್ಕದವನು ಮಾಡಿದ್ದಾನೆ ಎಂಬ ಹೊಟ್ಟೆಯುರಿಯೇ ಸಾಕು. ನಮ್ಮ ಬೀದಿಯ ಹಾಸಿಗೆಯವನು ಕಾಲುವೆ ದಂಡೆಯ ಮೇಲೆ ಚಪ್ಪರ ಹಾಕಿದ್ದು ಮಾತ್ರ ಅಕ್ಕನ ಕಿಟಕಿ ಕಾಣಲಿ ಎಂದು. ಕಾನೂನಿನ ಪುಸ್ತಕ ಎಷ್ಟೇ ದಪ್ಪವಿರಲಿ, ಅದರಲ್ಲಿ ಈ ಅಪರಾಧಕ್ಕೆಂದು ಒಂದು ಕಲಮೂ ಇಲ್ಲ. ಇಲ್ಲದ್ದರಿಂದಲೇ ಮುಂದೆ ಅಷ್ಟೊಂದು ಜನಕ್ಕೆ ತಲೆ ಕೆಟ್ಟಿತು.

ಕಾಲುವೆಯ ಈಚೆ ದಡದಲ್ಲಿ ಹಾಸಿಗೆಯವನ ಮನೆ, ಮುಂದುಗಡೆಯೇ ಅಂಗಡಿ. ಹಳೆ ಹಾಸಿಗೆ ಬಿಚ್ಚಿ, ಹತ್ತಿ ಹಿಂಜಿ, ಬಿಸಿಲು ತೋರಿಸಿ, ಮತ್ತೆ ತುಂಬಿ ಹೊಲಿಯುವುದು ಅವನ ಕಸುಬು. ಹಿತ್ತಲಿಗೆ ಸರಿಯಾಗಿ ಎದುರು, ಆಚೆ ದಡದಲ್ಲಿ, ಅವನ ಒಡಹುಟ್ಟಿದ ಅಕ್ಕನ ಇಸ್ತ್ರಿ ಅಂಗಡಿ. ತಾಯಿ ಹೋದಾಗ ಇವನಿನ್ನೂ ಅಂಬೆಗಾಲಿಡುತ್ತಿದ್ದ. ಸೊಂಟದ ಮೇಲೆ ಕೂರಿಸಿಕೊಂಡು ಬೆಳೆಸಿದವಳು ಅಕ್ಕ. ನಡೆಯಲು ಕಲಿಸಿದ್ದು, ಸೂಜಿಗೆ ದಾರ ಪೋಣಿಸಲು ಕಲಿಸಿದ್ದು, ಹೆಣ್ಣು ನೋಡಿ ಮದುವೆ ಮಾಡಿದ್ದು ಎಲ್ಲ ಅವಳೇ. ಹೀಗಿದ್ದ ಇಬ್ಬರು ಮಾತು ಬಿಟ್ಟದ್ದು ಒಂದು ಹಾಸಿಗೆಗಾಗಿ.

ಬಾವ ಕಾಯಿಲೆ ಬಿದ್ದಾಗ ಇವನು ಹೊಸ ಹಾಸಿಗೆ ಹೊಲಿದು ಹೊತ್ತುಕೊಂಡು ಹೋದ. ರಾತ್ರಿಯಿಡೀ ರೋಗಿಯ ಪಕ್ಕ ಕೂತು ಕಂಗೆಟ್ಟಿದ್ದ ಅಕ್ಕ, "ಗಂಟು ಗಂಟಾಗಿದೆ ಕಣೋ, ಮಲಗಿದವರ ಬೆನ್ನಿಗೆ ಚುಚ್ಚುತ್ತೆ" ಎಂದಳು. ಕಸುಬಿನ ಮೇಲೆ ಮಾತು ಬಂದರೆ ಯಾರು ಸುಮ್ಮನಿದ್ದಾರು? "ನೀನು ಇಸ್ತ್ರಿ ಮಾಡಿದ ಅಂಗಿಗಿಂತ ವಾಸಿ, ಹಾಕಿಕೊಂಡವರ ಕತ್ತು ಕೊಯ್ಯುತ್ತೆ" ಎಂದುಬಿಟ್ಟ ಇವನು. ಬಾವ ತೀರಿಕೊಂಡ ದಿನ ಹೋಗಿ ಮೂಲೆಯಲ್ಲಿ ನಿಂತು ಬಂದ. ಅಕ್ಕ ತಲೆ ಎತ್ತಲಿಲ್ಲ, ಇವನು ಬಾಯಿ ಬಿಡಲಿಲ್ಲ. ಆಮೇಲೆ ಎರಡು ಮನೆಗಳ ನಡುವೆ ಇದ್ದ ಮರದ ಕಾಲುಸೇತುವೆ ಲಡ್ಡಾಗಿದೆ ಎಂದು ನೀರಾವರಿ ಕಚೇರಿಯವರು ಕಿತ್ತುಹಾಕಿದರು. ಇಬ್ಬರಿಗೂ ಒಳ್ಳೆಯ ನೆಪ ಸಿಕ್ಕಿತು. ಸೇತುವೆಯೇ ಇಲ್ಲ, ಹೇಗೆ ಹೋಗಲಿ ಎಂದು ಇವನು ಈಚೆ ಹೇಳಿದ, ಅವಳು ಆಚೆ ಹೇಳಿದಳು. ದೊಡ್ಡ ಸೇತುವೆ ಬಳಸಿಕೊಂಡು ಹೋದರೆ ಬಸ್ಸಿನಲ್ಲಿ ಒಂದು ಹಾಡು ಮುಗಿಯುವಷ್ಟು ದೂರ ಎಂಬ ಸಂಗತಿಯನ್ನು ಇಬ್ಬರೂ ಎತ್ತಲಿಲ್ಲ.

ವರ್ಷಗಳು ಕಳೆದವು. ಹಾಸಿಗೆಯವನಿಗೆ ಸಂಜೆಯಾದರೆ ಹಿತ್ತಲ ಬಾಗಿಲು ತೆಗೆದು ದಂಡೆ ಹತ್ತಿ ನಿಲ್ಲುವ ಚಟ ಹತ್ತಿತು. ಅಲ್ಲಿಂದ ಅಕ್ಕನ ಕಿಟಕಿ ಕಾಣುತ್ತದೆ. ಬಗ್ಗಿದ ತಲೆ, ಅತ್ತಿತ್ತ ಓಡಾಡುವ ಕೈ, ತೂಗುಹಾಕಿದ ಅಂಗಿಗಳು. ಆದರೆ ಐವತ್ತು ದಾಟಿದ ಗಂಡಸು ದಂಡೆಯ ಮೇಲೆ ಸುಮ್ಮನೆ ನಿಂತರೆ ಊರು ಸುಮ್ಮನಿರುತ್ತದೆಯೇ? "ಏನು ಕಳ್ಕೊಂಡ್ರಿ?" ಎಂದು ಬೇಕರಿಯವನು ಕೇಳಿದ. "ಹಾರೋಕೆ ಗೀರೋಕೆ ಏನೂ ಯೋಚ್ನೆ ಇಲ್ಲ ತಾನೆ? ನೀರು ಮೊಣಕಾಲಷ್ಟೇ ಇದೆ" ಎಂದು ಗ್ಯಾರೇಜಿನವನು ಎಚ್ಚರಿಸಿದ. ಕೊನೆಗೆ, ಅಲ್ಲಿ ಒಂದು ಕೆಲಸ ಇಟ್ಟುಕೊಂಡರೆ ನಿಂತಿದ್ದಕ್ಕೆ ಲೆಕ್ಕ ಹೇಳಬೇಕಾಗಿಲ್ಲ ಎಂದು ಹೊಳೆದು, ನಾಲ್ಕು ಕಂಬ ನೆಟ್ಟು ಮೇಲೆ ತಗಡು ಹೊದಿಸಿ, ಹತ್ತಿಗೆ ಬಿಸಿಲು ತೋರಿಸುವ ಚಪ್ಪರ ಎಂದು ಸಾರಿದ. ಹುಳುಕು ಕಂಡದ್ದು ಹೆಂಡತಿಗೆ ಮಾತ್ರ.

"ರೀ, ಬಿಸಿಲು ಬೇಕು ಅಂತೀರಿ, ಮೇಲೆ ತಗಡು ಹೊಡೀತೀರಿ. ಬಿಸಿಲು ಎಲ್ಲಿಂದ ಬರುತ್ತೆ, ನೆಲದಿಂದಲಾ?"

"ಪಕ್ಕದಿಂದ ಬರುತ್ತೆ" ಎಂದು ಹಾಸಿಗೆಯವನು ಆಚೆ ದಡದ ಕಡೆಗೇ ನೋಡುತ್ತ ಹೇಳಿದ.

ಬಿಸಿಲು ಬಂತೋ ಇಲ್ಲವೋ, ಗಾಳಿ ಬಂತು. ಹಿಂಜಿದ ಹತ್ತಿಯ ಎಳೆಗಳು ಎದ್ದು, ಇವನಿಂದ ಇಷ್ಟು ವರ್ಷ ದಾಟಲಾಗದ ಕಾಲುವೆಯನ್ನು ಸಲೀಸಾಗಿ ದಾಟಿ, ಅಕ್ಕ ಒಣಹಾಕಿದ್ದ ಗಿರಾಕಿಗಳ ಒದ್ದೆ ಬಟ್ಟೆಯ ಮೇಲೆ ಕೂತವು. ಕಪ್ಪು ಪ್ಯಾಂಟುಗಳಿಗೆಲ್ಲ ಬಿಳಿ ಗಡ್ಡ ಬಂತು. ಅಕ್ಕ ಒಂದು ವಾರ ತಡೆದಳು. ಆಮೇಲೆ ನೆಟ್ಟಗೆ ನೀರಾವರಿ ಕಚೇರಿಗೆ ಹೋಗಿ, ಕಾಲುವೆ ದಂಡೆ ಒತ್ತುವರಿಯಾಗಿದೆ ಎಂದು ದೂರು ಕೊಟ್ಟಳು. ಇದು ಎಲ್ಲರ ಆಸ್ತಿ, ಯಾರು ಬೇಕಾದರೂ ದೂರಬಹುದು, ದೂರುವವರ ಸ್ವಂತ ನೆಲ ಅಂಗುಲವೂ ಹೋಗಿರಬೇಕಿಲ್ಲ. ಕಾನೂನಿನ ಈ ಉದಾರತೆಯನ್ನು ಅಕ್ಕ ಚೆನ್ನಾಗಿ ಬಳಸಿಕೊಂಡಳು.

ನೋಟಿಸು ತಂದವನು ಕಾಲುವೆ ಕಾವಲುಗಾರ. ಅವನ ಅನುಭವದಲ್ಲಿ ನೋಟಿಸು ಪಡೆಯುವವರು ಮೊದಲು ಕೂಗಾಡುತ್ತಾರೆ, ಆಮೇಲೆ ಅಳುತ್ತಾರೆ, ಕೊನೆಗೆ ತಾವು ಆ ಮನೆಯವರೇ ಅಲ್ಲ ಎನ್ನುತ್ತಾರೆ. ಹಾಸಿಗೆಯವನು ಕುರ್ಚಿ ಹಾಕಿ, ಹೆಂಡತಿಗೆ ಚಹಾ ಮಾಡಲು ಹೇಳಿದ.

"ದೂರು ಕೊಟ್ಟಿದ್ದು ಯಾರು?"

"ಆಚೆ ದಡದ ಇಸ್ತ್ರಿಯಮ್ಮ."

"ಅವಳೇ ಬಂದಿದ್ಲಾ? ನಡ್ಕೊಂಡೇ ಬಂದಿದ್ಲಾ? ಮಂಡಿನೋವು ಹೇಗಿದೆಯಂತೆ?"

"ಮಂಡಿ ವಿಷಯ ದೂರಿನಲ್ಲಿಲ್ಲ ಸ್ವಾಮಿ."

"ನನ್ನ ಬಗ್ಗೆ ಏನಾದ್ರೂ ಅಂದ್ಲಾ?"

ಕಾವಲುಗಾರ ಸಂಕೋಚಪಟ್ಟ. "ದಂಡೆ ನುಂಗಿದಾನೆ, ಬುದ್ಧಿ ಅನ್ನೋದು ಎಳ್ಳಷ್ಟೂ ಇಲ್ಲ, ಚಿಕ್ಕಂದಿನಿಂದ್ಲೂ ಹೀಗೇ ಅಂದ್ರು."

"ಚಿಕ್ಕಂದಿನಿಂದ್ಲೂ ಅಂದ್ಲಾ?" ಹಾಸಿಗೆಯವನ ಕಣ್ಣು ತುಂಬಿಬಂತು.

"ಅಯ್ಯೋ, ಅಳಬೇಡಿ. ಇದು ಬರೀ ಮೊದಲನೇ ನೋಟಿಸು. ಗಡುವಿನೊಳಗೆ ಚಪ್ಪರ ತೆಗೆದ್ರೆ ಇಲ್ಲಿಗೇ ಮುಗೀತು. ತೆಗೀದಿದ್ರೆ ವಿಚಾರಣೆ, ಆಮೇಲೆ ಅಳತೆ, ಆಮೇಲೆ ತೆರವಿನ ಆದೇಶ. ಅದಕ್ಕೂ ಬಗ್ಗದಿದ್ರೆ ನಮ್ಮ ಯಂತ್ರ ಬಂದು ಕೆಡವುತ್ತೆ, ಖರ್ಚು ನಿಮ್ದೇ."

"ವಿಚಾರಣೆಗೆ ದೂರು ಕೊಟ್ಟವಳೂ ಬರ್ತಾಳಾ?"

"ಬರ್ಲೇಬೇಕಲ್ಲ. ಇಬ್ರೂ ಪಕ್ಕಪಕ್ಕದಲ್ಲೇ ಕೂರಬೇಕಾಗುತ್ತೆ ಮತ್ತೆ. ನಮ್ಮ ಕಚೇರೀಲಿರೋದು ಒಂದೇ ಬೆಂಚು."

ಹಾಸಿಗೆಯವನು ಎದ್ದು ನಿಂತ. "ಚಪ್ಪರ ತೆಗೆಯೋ ಮಾತೇ ಇಲ್ಲ" ಎಂದ. ಕಾವಲುಗಾರ ಗಾಬರಿಯಿಂದ ಎರಡನೇ ಲೋಟ ಚಹಾವನ್ನು ಅರ್ಧಕ್ಕೇ ಬಿಟ್ಟು ಹೋದ. ಹೋಗುವ ದಾರಿಯಲ್ಲಿ ಬೇಕರಿಯವನಿಗೆ ಈ ಮಾತನ್ನು ಒಪ್ಪಿಸಿಯೇ ಹೋದ.

ವಕೀಲನಿಲ್ಲದೆ ವಿಚಾರಣೆ ಬೇಗ ಮುಗಿದುಬಿಡುತ್ತದೆ ಎಂದು ಯಾರೋ ಹೆದರಿಸಿದ್ದರಿಂದ ಹಾಸಿಗೆಯವನು ಕೋಟು ವಕೀಲರ ಬಳಿ ಹೋದ. ಸ್ನಾನದ ಹೊತ್ತು ಬಿಟ್ಟರೆ ಕರಿಕೋಟು ಕಳಚಿದ್ದನ್ನು ಯಾರೂ ನೋಡಿರದ ಕಾರಣ ಅವರಿಗೆ ಆ ಹೆಸರು. ಆಸಾಮಿ ಪ್ರಾಮಾಣಿಕರೇ. "ನೋಡಯ್ಯಾ, ಮೊದಲೇ ಹೇಳ್ತೀನಿ. ಕಾಲುವೆ ನೆಲ ಅದು. ಅಜ್ಜನ ಕಾಲದಿಂದ ಕೂತಿದ್ರೂ ನಿನ್ನದಾಗಲ್ಲ. ಗೆಲ್ಲೋದು ಕಷ್ಟ" ಎಂದರು.

"ನನಗೆ ನೆಲ ಬೇಡ ವಕೀಲ್ರೇ. ಗೆಲುವೂ ಬೇಡ. ಕೇಸು ಬೇಕು. ಸ್ವಲ್ಪ ಉದ್ದವಾಗಿರೋದು."

ವಕೀಲರು ಕನ್ನಡಕ ತೆಗೆದರು, ಒರೆಸಿದರು, ಹಾಕಿಕೊಂಡರು. ಇಷ್ಟು ವರ್ಷದ ವೃತ್ತಿಯಲ್ಲಿ ಲಾಭಕ್ಕೆ, ಸೇಡಿಗೆ, ಹೆಂಡತಿಯ ಕಾಟಕ್ಕೆ ಕೇಸು ನಡೆಸಿದವರನ್ನು ಕಂಡಿದ್ದರು. ತತ್ತ್ವಕ್ಕಾಗಿ ಹೋರಾಡುವವನು ಬಂದದ್ದು ಇದೇ ಮೊದಲು. ಅವರು ಎದ್ದು ಹಾಸಿಗೆಯವನ ಕೈ ಕುಲುಕಿದರು.

ವಿಚಾರಣೆಯ ದಿನ ಹಾಸಿಗೆಯವನು ಕಚೇರಿಯ ಕಸ ಗುಡಿಸುವವರಿಗಿಂತ ಮೊದಲೇ ಬಂದು ಬೆಂಚಿನ ಮೇಲೆ ಕೂತಿದ್ದ. ಅಕ್ಕ ಬಂದಳು. ಇನ್ನೊಂದು ತುದಿಯಲ್ಲಿ ಕೂತಳು. ನಡುವೆ ಇಬ್ಬರು ಕೂರುವಷ್ಟು ಜಾಗ. ಇವನು ತಲೆ ತಿರುಗಿಸದೆ ಕಣ್ಣಂಚಿನಲ್ಲೇ ನೋಡಿದ. ಕೂದಲು ಪೂರ್ತಿ ನರೆತಿದೆ. ಮಣಿಕಟ್ಟಿನ ಮೇಲೆ ಇವನಿಗೆ ಗೊತ್ತಿಲ್ಲದ ಒಂದು ಸುಟ್ಟ ಗಾಯದ ಕಲೆ. ಆದರೆ ಬಿಸಿ ಬಟ್ಟೆಯ, ಇದ್ದಿಲಿನ ಆ ವಾಸನೆ ಅದೇ. ಅವನಿಗೆ ಎದ್ದು ಹೋಗಿ ಅವಳ ಮಡಿಲಲ್ಲಿ ತಲೆಯಿಟ್ಟು ಮಲಗಬೇಕೆನಿಸಿತು. ಅಷ್ಟರಲ್ಲಿ ಕೋಟು ವಕೀಲರು ಬಂದು ಇಬ್ಬರ ನಡುವೆ ತಮ್ಮ ಚೀಲವಿಟ್ಟು, ಅದರ ಪಕ್ಕ ತಾವೂ ಕೂತರು.

ನೀರಾವರಿ ಸಾಹೇಬರು ಸಾಧು ಮನುಷ್ಯರು. ಮೇಲಿನ ಫ್ಯಾನು ಕಾಗದಗಳನ್ನು ಹಾರಿಸುತ್ತಿದ್ದುದರಿಂದ ಎರಡೂ ಅಂಗೈಗಳನ್ನು ಮೇಜಿನ ಮೇಲೆ ಒತ್ತಿಟ್ಟುಕೊಂಡೇ ನ್ಯಾಯ ಹೇಳುತ್ತಿದ್ದರು. ಕೋಟು ವಕೀಲರು ಎದ್ದು ಕಾವಲುಗಾರನನ್ನು ಕರೆದರು.

"ನೋಟಿಸಿನಲ್ಲಿ ಎಡದಂಡೆ ಅಂತಿದೆ. ಎಡ, ಬಲ ಹೇಗೆ ಗೊತ್ತು ಮಾಡ್ತೀರಿ?"

"ನೀರು ಹೋಗೋ ದಿಕ್ಕಿಗೆ ಮುಖ ಮಾಡಿ ನಿಂತ್ಕೊಂಡು ನೋಡ್ಬೇಕು ಸಾರ್."

"ನೀವು ನೋಡಿದ ದಿನ ಕಾಲುವೇಲಿ ನೀರಿತ್ತಾ?"

"ಇರ್ಲಿಲ್ಲ. ರಿಪೇರಿಗೆ ನಿಲ್ಲಿಸಿದ್ರು."

"ಹಾಗಾದ್ರೆ ಯಾವ ಕಡೆ ಮುಖ ಮಾಡಿ ನಿಂತಿದ್ರಿ?"

ಕಾವಲುಗಾರ ಯೋಚಿಸಿದ. "ನೆರಳಿನ ಕಡೆಗೆ ಸಾರ್."

ವಕೀಲರು ಕೋಟಿನ ಎರಡೂ ಅಂಚು ಹಿಡಿದು ಸಾಹೇಬರ ಕಡೆ ತಿರುಗಿದರು. ತಮ್ಮ ಕಕ್ಷಿದಾರನ ಚಪ್ಪರ ಇರುವುದು ಬಲದಂಡೆಯಲ್ಲಿ. ಎಡದಂಡೆಯಲ್ಲಿ ಇರುವುದು ಅರ್ಜಿದಾರಳ ಇಸ್ತ್ರಿ ಅಂಗಡಿ. ಈ ನೋಟಿಸಿನ ಪ್ರಕಾರ ಅರ್ಜಿದಾರಳು ತನ್ನ ಅಂಗಡಿಯ ದಂಡೆಯಲ್ಲಿ ಇಲ್ಲವೇ ಇಲ್ಲದ ಚಪ್ಪರದ ಮೇಲೆ ದೂರು ಕೊಟ್ಟಿದ್ದಾಳೆ. ಆದ್ದರಿಂದ ವಜಾ ಆಗಬೇಕು. ಸಾಹೇಬರು ತಲೆಯಾಡಿಸಿದರು. "ಹೌದಲ್ಲ. ಹಾಗಾದ್ರೆ ಮುಗೀತು. ಅಮ್ಮಾ, ನೀವಿನ್ನು ಹೋಗಬಹುದು."

ಅಕ್ಕ ಎದ್ದಳು. ಇಷ್ಟು ವರ್ಷ ಕಾದದ್ದು ಇಷ್ಟು ಹೊತ್ತಿಗಾಗಿಯೇ? ಅವಳು ಬಾಗಿಲು ದಾಟುವ ಮೊದಲೇ ಹಾಸಿಗೆಯವನು ಬೆಂಚಿನಿಂದ ಜಿಗಿದು ಕೂಗಿದ: "ಇಲ್ಲ ಸಾಹೇಬ್ರೇ! ಚಪ್ಪರ ನಂದೇ! ಕಾಲುವೆ ಜಾಗದಲ್ಲೇ ಹಾಕಿದೀನಿ! ಇನ್ನೊಂದು ನೋಟಿಸು ಕೊಡಿ! ಸರಿಯಾಗಿ ಕೊಡಿ!"

ಕಿಟಕಿಯ ಹೊರಗೆ ನಿಂತವರಿಗೆ ಕೇಳಿಸಿದ್ದು ಇಷ್ಟೇ. ಬೇಡಿಕೊಂಡ ಅವನ ಮುಖ ಅವರಿಗೆ ಕಾಣಲಿಲ್ಲ. ಸುದ್ದಿ ಬೇಕರಿ ಮುಟ್ಟುವ ಹೊತ್ತಿಗೆ ಹಾಸಿಗೆಯವನು ಮೇಜು ಗುದ್ದಿದ್ದ. ಗ್ಯಾರೇಜಿಗೆ ಬರುವಷ್ಟರಲ್ಲಿ ಸಾಹೇಬರು ಎದ್ದು ನಿಂತು ಕೈಮುಗಿದಿದ್ದರು. ಗೆದ್ದ ಕೇಸನ್ನು ಕಾಲಲ್ಲಿ ಒದ್ದು, ಧೈರ್ಯವಿದ್ದರೆ ಇನ್ನೊಂದು ನೋಟಿಸು ಕೊಡು ಎಂದು ಸರ್ಕಾರಕ್ಕೇ ಸವಾಲು ಹಾಕಿದ ಗಂಡು ನಮ್ಮ ಬೀದಿಯಲ್ಲಿದ್ದಾನೆ ಎಂದು ಜನ ಹೆಮ್ಮೆಪಟ್ಟರು. ಬೆಳಗಾಗುವುದರೊಳಗೆ ಅವನು 'ಹಾಸಿಗೆಯಣ್ಣ' ಆಗಿದ್ದ.

ಬೇಕರಿಯವನು ತಾನೂ ಒಂದು ಒಲೆಯನ್ನು ದಂಡೆಗೆ ಸಾಗಿಸಿದ. ಗ್ಯಾರೇಜಿನವನು ಬಾಗಿಲಿಲ್ಲದ ಹಳೆ ವ್ಯಾನೊಂದನ್ನು ತಳ್ಳಿಕೊಂಡು ಹೋಗಿ ಅಲ್ಲಿ ನಿಲ್ಲಿಸಿದ. ಕಾವಲುಗಾರ ಬಂದು ಕೇಳಿದರೆ ಇಬ್ಬರದೂ ಒಂದೇ ಉತ್ತರ: "ಹಾಸಿಗೆಯಣ್ಣನ್ನ ಕೇಳ್ಕೊಳ್ಳಿ." ಒಂದು ಸಂಜೆ ಎಲ್ಲರೂ ಸೇರಿ ಅವನ ಅಂಗಡಿಗೆ ಬಂದರು.

"ಅಣ್ಣಾ, ದಂಡೆ ರಕ್ಷಣಾ ಸಂಘ ಮಾಡ್ತಿದೀವಿ. ನೀವೇ ಅಧ್ಯಕ್ಷರು."

"ಯಾರಿಂದ ರಕ್ಷಣೆ?"

"ಇಲಾಖೆಯಿಂದ."

"ನನಗೆ ಇಲಾಖೆ ಮೇಲೆ ಏನೂ ಇಲ್ಲಪ್ಪ. ನಮ್ಮಕ್ಕ..." ಎಂದು ಶುರು ಮಾಡಿದವನು ನಾಲಿಗೆ ಕಚ್ಚಿಕೊಂಡ.

"ಗೊತ್ತು ಬಿಡಿ" ಎಂದ ಬೇಕರಿಯವನು ಗೌರವದಿಂದ. "ಸ್ವಂತ ಅಕ್ಕನೇ ಎದುರಿಗೆ ನಿಂತ್ರೂ ಬಗ್ಗಲಿಲ್ಲವಲ್ಲ, ಅದಕ್ಕೇ ನಿಮ್ಮನ್ನ ಆರಿಸಿದ್ದು." ಒಳಗಿನಿಂದ ಹೆಂಡತಿ ಪಾತ್ರೆಯೊಂದನ್ನು ಬೇಕೆಂದೇ ಜೋರಾಗಿ ಕುಕ್ಕಿದಳು.

ಎರಡನೇ ನೋಟಿಸು ಸರಿಯಾಗಿ ಬಂತು, ಬಲದಂಡೆ ಎಂದೇ ಬಂತು. ವಿಚಾರಣೆಗಳು ನಡೆದವು. ಕೋಟು ವಕೀಲರು ಹತ್ತಿಯಷ್ಟು ಹಗುರವಾದದ್ದು ನೆಲವನ್ನು ಹೇಗೆ ಒತ್ತೀತು ಎಂದು ವಾದಿಸಿದರು. ವಾದ ಚುರುಕಾದಾಗಲೆಲ್ಲ ಹಾಸಿಗೆಯವನು ಹಿಂದಿನಿಂದ ಕೋಟು ಜಗ್ಗಿ, "ಇವತ್ತು ಗೆಲ್ಲಬೇಡಿ ವಕೀಲ್ರೇ, ವಾಯಿದೆ ಕೇಳಿ" ಎಂದು ಪಿಸುಗುಟ್ಟುತ್ತಿದ್ದ. ಹಾಗೆ ಒಂದೊಂದು ವಾಯಿದೆಗೂ ಬೆಂಚಿನ ಮೇಲಿನ ಜಾಗ ಸ್ವಲ್ಪ ಸ್ವಲ್ಪ ಕಿರಿದಾಗತೊಡಗಿತು. ಯಾರು ಸರಿಯುತ್ತಿದ್ದರೋ ಗೊತ್ತಿಲ್ಲ. ಒಂದು ದಿನ ವಕೀಲರು ಚೀಲ ಇಡಲು ಹೋದರೆ ಜಾಗವಿರಲಿಲ್ಲ.

ಆದರೂ ಇಬ್ಬರೂ ನೇರವಾಗಿ ಮಾತಾಡಲಿಲ್ಲ. ಮೊದಲು ಮಾತಾಡಿದವರು ಸೋತ ಹಾಗೆ ಅಲ್ಲವೇ? ಅದಕ್ಕೆ ಸಾಹೇಬರು ಇದ್ದರು.

"ಸಾಹೇಬ್ರೇ, ಎದುರುದಾರನನ್ನ ಕೇಳಿ, ಯಾಕೆ ಇಷ್ಟು ಇಳಿದುಹೋಗಿದಾನೆ?" ಎಂದಳು ಅಕ್ಕ. "ಹೊತ್ತಿಗೆ ಸರಿಯಾಗಿ ಊಟ ಮಾಡಲ್ಲ. ಇದೂ ನನ್ನ ಆಕ್ಷೇಪಣೆ."

ಸಾಹೇಬರು ದಿಕ್ಕು ತೋಚದೆ ಬೆರಳಚ್ಚಿನವನ ಕಡೆ ತಿರುಗಿ ಹೇಳಿದರು: "ಬರ್ಕೋ. ಎದುರುದಾರರು ಹೊತ್ತಿಗೆ ಸರಿಯಾಗಿ ಊಟ ಮಾಡುತ್ತಿಲ್ಲವೆಂದು ಅರ್ಜಿದಾರರು ಆಕ್ಷೇಪಿಸಿರುತ್ತಾರೆ."

"ಮಾಡ್ತೀನಿ ಅಂತ ಹೇಳಿ ಸಾಹೇಬ್ರೇ" ಎಂದ ಇವನು. "ಅವಳ ಕೈಗೆ ಅದೇನು ಗಾಯ ಅಂತಲೂ ಕೇಳಿ."

"ಹಳೇದು. ಯಾರೂ ವಿಚಾರಿಸಿರಲಿಲ್ಲ ಅಂತ ಬರ್ಕೊಳ್ಳಿ."

ಬೆರಳಚ್ಚು ಯಂತ್ರ ಟಕಟಕ ಎಂದು ಇದನ್ನೂ ಬರೆದುಕೊಂಡಿತು. ಹಾಸಿಗೆಯವನು ಅಂದು ಮನೆಗೆ ಹೋಗಿ ಎರಡು ಸಲ ಬಡಿಸಿಕೊಂಡು ಉಂಡ. ಆಮೇಲೆ ಆ ಗಾಯವನ್ನು ನೆನೆದು ತುಂಬ ಹೊತ್ತು ಗೋಡೆಗೆ ಮುಖ ಮಾಡಿ ಕೂತ.

ಎಷ್ಟು ದಿನ ಎಂದು ನಡೆದೀತು? ದಂಡೆಯ ಮೇಲೆ ಒಲೆ, ವ್ಯಾನು, ಸೌದೆ, ಯಾರದೋ ಕೋಳಿಗೂಡು ಎಲ್ಲ ಸೇರಿ, ಹೂಳು ತೆಗೆಯುವ ಯಂತ್ರ ಒಳಗೆ ಬರಲಾಗದೆ ನಿಂತಿತು. ಕಾಲುವೆಯ ಕೊನೆಯಲ್ಲಿದ್ದ ಹೊಲಗಳಿಗೆ ನೀರು ಮುಟ್ಟಲಿಲ್ಲ. ಅಲ್ಲಿಯವರು ಕಚೇರಿಗೆ ಬಂದು ಕೂತರು. ಸಾಹೇಬರು ಅಳತೆಗೆ ದಿನ ಗೊತ್ತು ಮಾಡಿ, ಎರಡೂ ಕಡೆಯವರು ಸ್ಥಳದಲ್ಲಿರಬೇಕು ಎಂದರು.

ಆ ದಿನ ಅಕ್ಕ ಮಾತು ಬಿಟ್ಟ ಮೇಲೆ ಮೊದಲ ಸಲ ತಮ್ಮನ ಹಿತ್ತಲಿಗೆ ಬಂದಳು, ಇಲಾಖೆಯ ಜೀಪಿನಲ್ಲಿ. ಹೆಂಡತಿ ಓಡಿಬಂದು, "ಬನ್ನಿ ಅತ್ತಿಗೆ, ಒಳಗೆ ಬನ್ನಿ" ಎಂದಳು. "ಅಳತೆಗೆ ಬಂದಿದೀನಿ" ಎಂದು ಅಕ್ಕ ಹೇಳಿದಳು, ಆದರೆ ಅವಳು ಕೊಟ್ಟ ನೀರನ್ನು ಕುಡಿದಳು. ಸರಪಳಿ ಎಳೆಯುತ್ತ ಎಳೆಯುತ್ತ ಎಲ್ಲರೂ ಚಪ್ಪರದ ಕೆಳಗೆ ಬಂದರು. ಹಾಸಿಗೆಯವನು ನಿಲ್ಲುತ್ತಿದ್ದ ಜಾಗದಲ್ಲೇ ಅಕ್ಕ ಬಂದು ನಿಂತಳು. ಎದುರಿಗೆ ನೋಡಿದಳು. ಕಾಲುವೆಯಾಚೆ ಅವಳದೇ ಕಿಟಕಿ, ಅವಳದೇ ಇಸ್ತ್ರಿ ಪೆಟ್ಟಿಗೆ, ಎದ್ದು ಬರುವಾಗ ಸರಿಸಿಟ್ಟ ಅವಳದೇ ಸ್ಟೂಲು. ಅಲ್ಲಿಂದ ಬೇರೆ ಏನೂ ಕಾಣುತ್ತಿರಲಿಲ್ಲ. ಅವಳು ತಲೆ ಎತ್ತಿ ಮೇಲಿನ ತಗಡನ್ನು ನೋಡಿದಳು. ಬಿಸಿಲಿನ ಸುಳಿವೂ ಇಲ್ಲ. ಮತ್ತೆ ಕಿಟಕಿಯನ್ನು ನೋಡಿದಳು. ಸರಪಳಿ ಹಿಡಿದವನು, "ಅಮ್ಮಾ, ಸ್ವಲ್ಪ ಸರೀರಿ" ಎಂದು ಕೇಳಿದರೂ ಕದಲಲಿಲ್ಲ.

ಆಮೇಲೆ ಪಕ್ಕದಲ್ಲಿ ಒಟ್ಟಿದ್ದ ಹೊಸ ಹಾಸಿಗೆಯ ಮೇಲೆ ಅಂಗೈ ಒತ್ತಿ, ಉದ್ದಕ್ಕೂ ಸವರಿದಳು.

"ಸಾಹೇಬ್ರೇ, ಗಂಟಿಲ್ಲ ಅಂತ ಬರ್ಕೊಳ್ಳಿ."

"ಅಮ್ಮಾ, ಇದು ನೆಲದ ಅಳತೆ..."

"ಬರ್ಕೊಳ್ಳಿ" ಎಂದಳು ಅಕ್ಕ. ಸಾಹೇಬರು ಬರೆದುಕೊಂಡರು.

ಹೊರಡುವಾಗ ಸಾಹೇಬರು ಹಾಸಿಗೆಯವನನ್ನು ಪಕ್ಕಕ್ಕೆ ಕರೆದರು. "ನಿಮ್ಮಿಬ್ಬರ ಮಧ್ಯೆ ಏನಿದೆಯೋ ನನಗೆ ಗೊತ್ತಿಲ್ಲಪ್ಪ. ಆದ್ರೆ ಇದು ನೀರು ಹೋಗೋ ದಾರಿ. ಕೆಳಗಿನವರ ಪೈರು ಒಣಗ್ತಾ ಇದೆ. ನಾನಿನ್ನು ವಾಯಿದೆ ಕೊಡೋ ಹಾಗಿಲ್ಲ." ಹಾಸಿಗೆಯವನು ತಲೆ ತಗ್ಗಿಸಿದ. ಅವರು ಹೇಳಿದ್ದರಲ್ಲಿ ತಪ್ಪೇನಿರಲಿಲ್ಲ.

ಆದೇಶ ಬಂತು. ಚಪ್ಪರ, ಒಲೆ, ವ್ಯಾನು, ಕೋಳಿಗೂಡು ಸಮೇತ ಇಡೀ ದಂಡೆ ತೆರವಾಗಬೇಕು. ಸಂಘದವರೆಲ್ಲ ಹಾಸಿಗೆಯಣ್ಣನನ್ನು ಮುಂದಿಟ್ಟುಕೊಂಡು ಕೋಟು ವಕೀಲರ ಕೋಣೆಗೆ ನುಗ್ಗಿದರು. ವಕೀಲರು ಹುರುಪಿನಲ್ಲಿದ್ದರು. "ಹೆದರಬೇಡಿ. ಮೇಲಿನ ಕಚೇರಿಗೆ ಮೇಲ್ಮನವಿ ಹಾಕೋಣ, ತಡೆಯಾಜ್ಞೆ ತರೋಣ. ಎಳೆದಷ್ಟೂ ಉದ್ದ!"

"ಅಲ್ಲಿಗೆ ಅಕ್ಕನೂ ಬರ್ತಾಳಾ?" ಎಂದು ಹಾಸಿಗೆಯವನು ಕೇಳಿದ.

"ಅವರ್ಯಾಕೆ ಬರ್ತಾರೆ? ನಿನ್ನ ಮೇಲ್ಮನವಿಗೆ ಇಲಾಖೆ ವಕೀಲರು ಉತ್ತರ ಹೇಳ್ತಾರೆ. ಆಯಮ್ಮನ ಕಾಟ ನಿನಗಿನ್ನು ಇರೋದೇ ಇಲ್ಲ."

ಹಾಸಿಗೆಯವನು ಎದ್ದು ಸೀದಾ ಮನೆಗೆ ಬಂದ. ಸುತ್ತಿಗೆ ತೆಗೆದುಕೊಂಡು ದಂಡೆ ಹತ್ತಿ, ತನ್ನ ಚಪ್ಪರದ ತಗಡನ್ನು ತಾನೇ ಕೀಳತೊಡಗಿದ. ಇಲಾಖೆಯ ಯಂತ್ರಕ್ಕೆ ಏನೂ ಕೆಲಸ ಉಳಿಸಲಿಲ್ಲ. ಬೇಕರಿಯವನು ಕಣ್ಣು ಬಾಯಿ ಬಿಟ್ಟುಕೊಂಡು ನೋಡಿದ. "ನಿಮ್ಮನ್ನ ನಂಬಿ ಒಲೆ ಕಟ್ಟಿದೆನಲ್ರೀ!" ಎಂದು ಗೋಳಾಡಿದ. "ಎಷ್ಟು ತಿಂದ ಅಂತ ವಿಚಾರಿಸಿ" ಎಂದ ಗ್ಯಾರೇಜಿನವನು. ಕತ್ತಲಾಗುವುದರೊಳಗೆ ಹಾಸಿಗೆಯಣ್ಣ ಮತ್ತೆ ಬರೀ ಹಾಸಿಗೆಯವನಾದ.

ಅವನಿಗೆ ಅದರ ನೋವಿರಲಿಲ್ಲ. ಮುಂದಿನ ವಾಯಿದೆ ಎಂಬುದೊಂದು ಇರಲಿಲ್ಲವಲ್ಲ, ಅದರ ನೋವು. ಎಲ್ಲ ದಿನವೂ ಒಂದೇ ಎನಿಸತೊಡಗಿತು. ಕಚೇರಿಯ ಆ ಬೆಂಚು, ಸಾಹೇಬರ ಫ್ಯಾನು, ಅಕ್ಕನ ಬಟ್ಟೆಯ ಬಿಸಿ ವಾಸನೆ ಎಲ್ಲ ಕನಸಿನಲ್ಲಿ ಬಂದವು. ದಂಡೆಯ ಮೇಲೆ ನಿಲ್ಲಲು ನಾಚಿಕೆ, ನಿಲ್ಲದಿದ್ದರೆ ಸಂಕಟ.

"ಒಂದು ಸಲ ದೊಡ್ಡ ಸೇತುವೆ ದಾಟಿ ಹೋಗಿ ಬನ್ನಿ. ಅವರೇನು ಹುಲಿಯಾ, ಕರಡಿಯಾ?" ಎಂದಳು ಹೆಂಡತಿ.

"ಏನಂತ ಹೋಗ್ಲಿ? ಕೇಸಿದ್ದಿದ್ರೆ ಹೋಗಬಹುದಿತ್ತು."

ಆದರೂ ಒಂದು ಬೆಳಿಗ್ಗೆ ಹೊರಟ. ಸೇತುವೆಯ ನಡುವಿನವರೆಗೂ ಹೋದ. ಅಲ್ಲಿ ಕಂಬಿ ಹಿಡಿದು ನಿಂತು ನೀರು ನೋಡಿದ. ಹೂಳು ತೆಗೆದ ಮೇಲೆ ಕಾಲುವೆ ತುಂಬಿ ಹರಿಯುತ್ತಿತ್ತು. ಬಾಗಿಲು ತಟ್ಟಿದಾಗ ಅಕ್ಕ, ಏನು ಬಂದೆ ಎಂದು ಕೇಳಿದರೆ ತನ್ನ ಬಳಿ ಉತ್ತರವಿಲ್ಲ ಎಂದು ಹೊಳೆಯಿತು. ಹಿಂದಿರುಗಿ ಬಂದು, ಹೆಂಡತಿಗೆ ಮುಖ ಕೊಡದೆ ಹತ್ತಿ ಹಿಂಜಲು ಕೂತ.

ಅದೇ ವಾರ ಮೇಲಿನ ಕಚೇರಿಯಲ್ಲಿ ನಡೆದದ್ದನ್ನು ಕೋಟು ವಕೀಲರು ಕಣ್ಣಾರೆ ಕಂಡರು. ಬೇರೆ ಯಾವುದೋ ಕೆಲಸಕ್ಕೆ ಹೋಗಿದ್ದವರು, ಅರ್ಜಿ ತೆಗೆದುಕೊಳ್ಳುವ ಕಿಂಡಿಯ ಮುಂದೆ ಅಕ್ಕ ನಿಂತಿರುವುದನ್ನು ನೋಡಿ ಕಂಬದ ಮರೆಗೆ ಸರಿದರು.

"ಮೇಲ್ಮನವಿ ಹಾಕಬೇಕು" ಎನ್ನುತ್ತಿದ್ದಳು ಅಕ್ಕ.

ಗುಮಾಸ್ತ ಆದೇಶವನ್ನು ತಿರುವಿ ನೋಡಿದ. "ಇದರಲ್ಲಿ ಗೆದ್ದಿರೋದು ನೀವೇ ಅಲ್ವೇನಮ್ಮಾ?"

"ಹೌದು."

"ಗೆದ್ದವರು ಮೇಲ್ಮನವಿ ಹಾಕಲ್ಲ. ಆದೇಶದಿಂದ ಬಾಧೆ ಆದವರು ಹಾಕ್ತಾರೆ. ನಿಮಗೇನು ಬಾಧೆ?"

"ಕೇಳಿದ್ದನ್ನೆಲ್ಲ ಕೊಟ್ಟುಬಿಟ್ರು. ಅದೇ ಬಾಧೆ."

ಗುಮಾಸ್ತ ಪೆನ್ನು ಕೆಳಗಿಟ್ಟ. ಒಳಗೆ ಹೋಗಿ ಯಾರನ್ನೋ ಕೇಳಿಕೊಂಡು ಬಂದ. "ನೋಡಿ, ಇಂಥ ಅರ್ಜಿ ತಗೋಬಹುದೋ ಇಲ್ವೋ ಅಂತ ನಮ್ಮ ದೊಡ್ಡ ಸಾಹೇಬ್ರೇ ತೀರ್ಮಾನ ಮಾಡ್ಬೇಕಂತೆ. ಅದಕ್ಕೆ ಎರಡೂ ಕಡೆಯವರನ್ನ ಕರೆಸಿ ಕೇಳ್ಬೇಕಾಗುತ್ತೆ."

"ಎದುರುದಾರನೂ ಬರಲೇಬೇಕಾ?"

"ಬರಲೇಬೇಕು."

"ಹಾಗಿದ್ರೆ ಕರೆಸಿ" ಎಂದಳು ಅಕ್ಕ. ವಕೀಲರು ಕಂಬದ ಮರೆಯಲ್ಲಿ ಜೀವನದಲ್ಲಿ ಮೊದಲ ಬಾರಿಗೆ, ಸೆಕೆ ತಡೆಯಲಾರದೆಯೋ ಏನೋ, ಕೋಟು ಕಳಚಿ ಅದರಲ್ಲೇ ಮುಖ ಒರೆಸಿಕೊಂಡರಂತೆ.

ನೋಟಿಸು ಬಂದ ದಿನ ಹಾಸಿಗೆಯವನು ಅದನ್ನು ಹೆಂಡತಿಯಿಂದ ಮೂರು ಸಲ ಓದಿಸಿದ. "ಒಡಹುಟ್ಟಿದವರಿಬ್ಬರಲ್ಲಿ ಅತ್ತಿಗೆಗಾದ್ರೂ ಬುದ್ಧಿ ಇದೆ" ಎಂದು ಅವಳು ಮೂಗು ಒರೆಸಿಕೊಂಡು ಒಳಗೆ ಹೋದಳು. ಜೊತೆಗೆ ಬರುತ್ತೇನೆಂದ ವಕೀಲರಿಗೆ ಇವನು ಬೇಡವೆಂದ.

ಮೇಲಿನ ಕಚೇರಿ ಇರುವ ಊರಿಗೆ ಅರ್ಧ ದಿನದ ಬಸ್ ದಾರಿ. ಬಸ್ಸು ಹೊರಡುವುದು ಆಚೆ ದಡದಿಂದ. ದೊಡ್ಡ ಸೇತುವೆ ದಾಟಿ ಈಚೆಗೆ ಬರುವ ಹೊತ್ತಿಗೆ ತುಂಬಿಹೋಗಿರುತ್ತದೆ. ಹಾಸಿಗೆಯವನು ಹತ್ತಿದಾಗ ನಿಲ್ಲಲೂ ಜಾಗವಿರಲಿಲ್ಲ. ನಡುವಿನ ಸಾಲಿನಲ್ಲಿ, ಕಿಟಕಿಯ ಪಕ್ಕ, ಅಕ್ಕ ಕೂತಿದ್ದಳು. ಅವಳ ಪಕ್ಕದ ಸೀಟಿನ ಮೇಲೆ ಅವಳ ಚೀಲ.

"ಚೀಲ ತೆಗೀರಮ್ಮಾ, ಕೂರ್ತೀನಿ" ಎನ್ನುತ್ತಿದ್ದ ಒಬ್ಬ ದಪ್ಪ ಮನುಷ್ಯ.

"ಜನ ಇದಾರೆ" ಎಂದಳು ಅಕ್ಕ ಅವನ ಮುಖ ನೋಡದೆ.

ಹಾಸಿಗೆಯವನು ಜನರ ನಡುವೆ ನುಸುಳಿಕೊಂಡು ಬಂದು ಆ ಸೀಟಿನ ಹತ್ತಿರ ನಿಂತ. ಅಕ್ಕ ಚೀಲವನ್ನು ಎತ್ತಿ ಮಡಿಲಲ್ಲಿಟ್ಟುಕೊಂಡಳು. ಅವನು ಸೀಟಿನ ತುದಿಯಲ್ಲಿ, ಬಿದ್ದರೂ ಬಿದ್ದಾನು ಎಂಬ ಹಾಗೆ, ಕೂತ. ಬಸ್ಸು ಹೊರಟಿತು. ಕಂಡಕ್ಟರ್ ಬಂದು, "ಎಷ್ಟು ಟಿಕೆಟು?" ಎಂದ. ಇವನು ಜೇಬಿಗೆ ಕೈಹಾಕುವ ಮೊದಲೇ ಅಕ್ಕ ಹೇಳಿದಳು, "ಎರಡು ಕೊಡಪ್ಪ."

ಊರು ಹಿಂದೆ ಸರಿಯಿತು. ಕಾಲುವೆ ಕೂಡ ಒಂದಷ್ಟು ದೂರ ರಸ್ತೆಯ ಪಕ್ಕದಲ್ಲೇ ಬಂದು, ಆಮೇಲೆ ಹೊಲಗಳ ಕಡೆ ತಿರುಗಿಕೊಂಡಿತು.

"ಅಕ್ಕಾ."

"ಏನೋ?"

"ನಮ್ಮ ಅರ್ಜಿ ನಿಲ್ಲಲ್ಲ ಅಂದ್ರು ವಕೀಲ್ರು. ಇವತ್ತೇ ವಜಾ ಮಾಡಿಬಿಡ್ತಾರಂತೆ."

"ಮಾಡ್ಲಿ ಬಿಡು. ಅದಕ್ಕೂ ಮೇಲೆ ಇನ್ನೊಂದು ಕಚೇರಿ ಇದೆಯಂತೆ. ಎಲ್ಲಾ ವಿಚಾರಿಸಿಕೊಂಡಿದೀನಿ."

"ಎಲ್ಲಿದೆ?"

"ಇನ್ನೂ ದೂರ" ಎಂದು ಅಕ್ಕ, ಅವನು ಸರಿಯಾಗಿ ಕೂರಲೆಂದು, ಕಿಟಕಿಯ ಕಡೆಗೆ ಸ್ವಲ್ಪ ಸರಿದಳು.